ಸಜ್ಜಾದ ಕಂಬಿ ಮೇಲಿರಬೇಕು

ಹಾಸನದಲ್ಲಿ ಚಿಕ್ಕಪ್ಪ ಮನೆ ಕಟ್ಟಿಸುವಾಗ ನಾನು ಸಿವಿಲ್ ಎರಡನೇ ವರ್ಷ. ಗೋಡೆಯಿಂದ ಹೊರಚಾಚುವ ಸಜ್ಜಾಕ್ಕೆ ಕಾಂಕ್ರೀಟ್ ಹಾಕಿದ ದಿನ ಅಲ್ಲೇ ಇದ್ದೆ. ಕೆಲಸದವರು ಕಂಬಿ ಮೇಲೆಯೇ ಓಡಾಡುತ್ತಾ ಬಾಂಡ್ಲಿ ಸುರಿದರು. ತುಳಿತಕ್ಕೆ ಕಂಬಿ ತಳಕ್ಕೆ ಕೂತಿತು. ನಾನು ನೋಡುತ್ತಾ ನಿಂತಿದ್ದೆ. ಸೆಂಟ್ರಿಂಗ್ ಬಿಚ್ಚಿದಾಗ ಗೋಡೆ ಸೇರುವ ಕಡೆ, ಮೇಲ್ಗಡೆ, ಉದ್ದಕ್ಕೂ ಬಿರುಕು.

"ನೀನು ಓದ್ತಿರೋದು ಇದನ್ನೇ ಅಲ್ವೇನೋ?" ಅಂದರು ಚಿಕ್ಕಪ್ಪ. ಅದರಲ್ಲಿ ಸಿಟ್ಟಿರಲಿಲ್ಲ, ನಿಜವಾಗಿ ಕೇಳಿದ್ದರು.

ಅದನ್ನೇ ಓದುತ್ತಿದ್ದೆ. ಕ್ಯಾಂಟಿಲಿವರ್, ಅಂದರೆ ಒಂದೇ ತುದಿಗೆ ಆಸರೆ ಇರುವ ತೊಲೆಯ ಲೆಕ್ಕಕ್ಕೆ ಇಂಟರ್ನಲ್ಸ್‌ನಲ್ಲಿ ಪೂರ್ತಿ ಅಂಕ ಬಂದಿತ್ತು. ಬೆಂಡಿಂಗ್ ಮೊಮೆಂಟ್ (ಬಾಗಿಸುವ ಪರಿಣಾಮ) ಗೋಡೆಯ ಹತ್ತಿರ ಅತಿ ಹೆಚ್ಚು, ಚಿಹ್ನೆ ಮೈನಸ್ ಅಂತ ಬಾಯಿಪಾಠ ಇತ್ತು. ಆ ಮೈನಸ್ ಅಂದರೆ ಮೇಲ್ಗಡೆ ಎಳೆತ, ಕಾಂಕ್ರೀಟಿಗೆ ಎಳೆತ ತಡೆಯುವ ಶಕ್ತಿ ಬಹಳ ಕಡಿಮೆ, ಅದಕ್ಕೇ ಕಂಬಿ ಮೇಲಿರಬೇಕು ಅನ್ನುವುದು ಕಣ್ಣೆದುರು ನಡೆಯುವಾಗ ಹೊಳೆಯಲಿಲ್ಲ.

ಅವತ್ತಿನಿಂದ ಜೂನಿಯರ್‌ಗಳಿಗೆ ಹೇಳುತ್ತಿರುವುದು ಒಂದೇ. ಸ್ಟ್ರೆಂತ್ ಆಫ್ ಮೆಟೀರಿಯಲ್ಸ್ ಪಾಠದಲ್ಲಿ ಲೆಕ್ಕಕ್ಕೆ ಇಳಿಯುವ ಮುಂಚೆ ಆ ತೊಲೆ ಹೇಗೆ ಬಾಗುತ್ತದೆ ಅಂತ ಗೆರೆ ಎಳೆಯಿರಿ. ಯಾವ ಮೈ ಹಿಗ್ಗುತ್ತದೆ, ಯಾವ ಮೈ ಕುಗ್ಗುತ್ತದೆ ಅಂತ ಗುರುತು ಹಾಕಿ. ಸೂತ್ರ ಆಮೇಲೆ. ನಮ್ಮ ಮೇಷ್ಟ್ರುಗಳಲ್ಲೂ ಕೇಳಿಕೊಳ್ಳುತ್ತೇನೆ: ಆ ಚಿತ್ರಕ್ಕೂ ಎರಡು ಅಂಕ ಇಡಿ ಸಾರ್. ಅಂಕ ಇದ್ದರೆ ಎಲ್ಲರೂ ಬಿಡಿಸುತ್ತಾರೆ.

ಇದು ಸುಲಭದ ವಿಷಯ ಅಂತ ಯಾರೂ ಅಂದುಕೊಳ್ಳಬಾರದು. 1638ರಲ್ಲೇ ಗೆಲಿಲಿಯೊ ಗೋಡೆಯಿಂದ ಚಾಚಿದ ತೊಲೆಯನ್ನೇ ತೆಗೆದುಕೊಂಡು ಇದನ್ನು ಯೋಚಿಸಿದ್ದ. ತೊಲೆ ಕೆಳ ಅಂಚಿನ ಮೇಲೆ ತಿರುಗುತ್ತದೆ, ಉಳಿದ ಕಡೆಯೆಲ್ಲ ಒಂದೇ ಸಮ ಎಳೆತ ಅಂದುಕೊಂಡ. ಆಳ ಎರಡರಷ್ಟಾದರೆ ಬಲ ನಾಲ್ಕರಷ್ಟು ಅನ್ನುವುದು ಸರಿಯಾಗಿಯೇ ಸಿಕ್ಕಿತು, ಆದರೆ ಒಟ್ಟು ಬಲ ಈಗಿನ ಲೆಕ್ಕದ ಮೂರರಷ್ಟು ಬಂತು. ನಡುವೆ ಎಳೆತವೂ ಇಲ್ಲದ, ಒತ್ತಡವೂ ಇಲ್ಲದ ಪದರವೊಂದಿದೆ ಅನ್ನುವ ಈಗಿನ ಲೆಕ್ಕ ಪಾಠದ ರೂಪಕ್ಕೆ ಬಂದದ್ದು 1826ರಲ್ಲಿ, ಫ್ರೆಂಚ್ ಎಂಜಿನಿಯರ್ ನೇವಿಯೆಯಿಂದ. ಅದನ್ನು ನಾವು ಎರಡು ಕ್ಲಾಸಿನಲ್ಲಿ ಮುಗಿಸುತ್ತೇವೆ.

ಕೊಪ್ಪದ ಹತ್ತಿರ ಅಜ್ಜನ ತೋಟದಲ್ಲಿ ಹಳ್ಳಕ್ಕೆ ಅಡಿಕೆ ಮರದ ಸಂಕ (ಕಾಲುಸೇತುವೆ) ಇತ್ತು. "ಹೊರಗಿನ ಗಟ್ಟಿ ಅಷ್ಟೇ ಮರ, ಒಳಗಿಂದು ಬರೀ ತಿರುಳು" ಅನ್ನುತ್ತಿದ್ದರು ಅಜ್ಜ. ಬಾಗಿದಾಗ ಹೆಚ್ಚು ಶ್ರಮ ಬೀಳುವುದು ಹೊರಮೈಗೆ, ನಡುವಿಗೆ ಏನೂ ಇಲ್ಲ. ಇದು ನನಗೆ ಪುಸ್ತಕದಲ್ಲಿ ಅರ್ಥವಾಗಿದ್ದರೆ ಆ ಸಂಕದ ನೆನಪಿನಿಂದ. ಬೇಲೂರು ದೇವಸ್ಥಾನದ ನವರಂಗಕ್ಕೆ, ಅಂದರೆ ಕಂಬಗಳ ಒಳಮಂಟಪಕ್ಕೆ ಹೋದವರು ಕೆತ್ತನೆ ನೋಡಿದ ಮೇಲೆ ಒಮ್ಮೆ ಕಂಬಗಳ ನಡುವಿನ ಅಂತರವನ್ನೂ ನೋಡಿ. ಎರಡು ಕಂಬದ ಮೇಲೆ ಕೂತ ಕಲ್ಲಿನ ತೊಲೆ ನಡುವೆ ಕೆಳಕ್ಕೆ ಜಗ್ಗುತ್ತದೆ, ಅದರ ತಳಭಾಗ ಎಳೆತಕ್ಕೆ ಬಿರಿಯುತ್ತದೆ. ತೊಲೆ ಗಿಡ್ಡ ಇದ್ದಷ್ಟೂ ಕ್ಷೇಮ.

ಸಜ್ಜಾ ಒಡೆಸಿ ಮತ್ತೆ ಹಾಕಿಸಿದೆವು. ಕಂಬಿ ಕೆಳಗೆ ಅದನ್ನು ಎತ್ತಿ ಹಿಡಿಯುವ ಆಸರೆ, ಅಂದರೆ ಚೇರ್ ಇಡಿಸಿದೆ, ಓಡಾಡೋಕೆ ಬೇರೆ ಹಲಗೆ ಹಾಕಿಸಿದೆ. ಮೇಸ್ತ್ರಿ ಯಾಕೆ ಅಂತ ಕೇಳಿದರು. ಗೋಡೆ ಮೇಲೆ ಇದ್ದಿಲಲ್ಲಿ ಸಜ್ಜಾ ಬರೆದು, ತುದಿ ಬಗ್ಗಿದ ಹಾಗೆ ಇನ್ನೊಂದು ಗೆರೆ ಎಳೆದೆ. ಅವರು ಸ್ವಲ್ಪ ಹೊತ್ತು ನೋಡಿ, ಬಾಂಡ್ಲಿ ಹಿಡಿದ ಕೈಯನ್ನು ನೇರ ಮುಂದಕ್ಕೆ ಚಾಚಿದರು.

"ಹಂಗಂದ್ರೆ ಭುಜದ ಮೇಲ್ಗಡೆ ಎಳೀತದಲ್ಲ, ಹಂಗೆ."