ನಿಂತ ಕಾಡು ಯಾರ ಲೆಕ್ಕದಲ್ಲಿದೆ?

ಕೌಲಾಲಂಪುರದಿಂದ ಜೊಹೊರ್ ಕಡೆಗೆ ಹೆದ್ದಾರಿಯಲ್ಲಿ ಹೊರಟರೆ ಎರಡೂ ಬದಿ ಹಸಿರೋ ಹಸಿರು. ಮಲೇಷ್ಯಾಕ್ಕೆ ಬಂದ ಹೊಸದರಲ್ಲಿ ಅದನ್ನು ನೋಡಿ ತುಂಬಾ ಖುಷಿಪಟ್ಟಿದ್ದೆ. ಇವರು ಎಷ್ಟೊಂದು ಕಾಡು ಉಳಿಸಿಕೊಂಡಿದ್ದಾರಲ್ಲ ಅಂತ. ಒಮ್ಮೆ ಕಾರು ನಿಲ್ಲಿಸಿ ಒಳಗೆ ನಾಲ್ಕು ಹೆಜ್ಜೆ ಹಾಕಿದಾಗ ಗೊತ್ತಾಯಿತು, ಅದು ಕಾಡಲ್ಲ. ಸಾಲು ಸಾಲು ಎಣ್ಣೆತಾಳೆ. ಎಲ್ಲಾ ಮರಕ್ಕೂ ಒಂದೇ ವಯಸ್ಸು, ಒಂದೇ ಎತ್ತರ. ಬಳ್ಳಿ ಇಲ್ಲ, ಪೊದೆ ಇಲ್ಲ, ಹಕ್ಕಿಯ ಸದ್ದೂ ಇಲ್ಲ. ಪಶ್ಚಿಮ ಘಟ್ಟದ ಕಾಡು ನೋಡಿ ಬೆಳೆದವನಿಗೆ ಆ ಮೌನ ವಿಚಿತ್ರ ಅನಿಸಿತು.

ಹಾಗಂತ ತಾಳೆಯನ್ನು ಸುಮ್ನೆ ಬೈಯುವುದು ನನಗೆ ಸರಿ ಕಾಣುವುದಿಲ್ಲ. ಒಂದು ಹೆಕ್ಟೇರ್ ತಾಳೆಯಿಂದ ವರ್ಷಕ್ಕೆ ಮೂರು ಟನ್ನಿಗೂ ಜಾಸ್ತಿ ಎಣ್ಣೆ ಸಿಗುತ್ತದೆ. ಅಷ್ಟೇ ಜಾಗದ ಸೋಯಾ ಅರ್ಧ ಟನ್ ಕೊಟ್ಟರೆ ಹೆಚ್ಚು. ಇಲ್ಲಿನ ಸರ್ಕಾರ 1956ರಲ್ಲಿ ಫೆಲ್ಡಾ ಎಂಬ ಸಂಸ್ಥೆ ಮಾಡಿ, ಭೂಮಿ ಇಲ್ಲದ ಕುಟುಂಬಗಳಿಗೆ ಜಾಗ ಕೊಟ್ಟು ರಬ್ಬರ್, ತಾಳೆ ಬೆಳೆಸಿತು. ಹಾಗೆ ನೆಲೆ ಕಂಡ ಕುಟುಂಬಗಳು ಒಂದು ಲಕ್ಷಕ್ಕೂ ಹೆಚ್ಚು. ನನ್ನ ಜೊತೆ ಕೆಲಸ ಮಾಡುವವರೊಬ್ಬರು ಅಂಥ ಮನೆಯವರೇ. ಅವರ ಅಪ್ಪ ತಾಳೆ ಗೊನೆ ಕೊಯ್ದೇ ಮಕ್ಕಳನ್ನೆಲ್ಲ ಓದಿಸಿದರು. ಅವರ ಎದುರು ನಿಂತು ಈ ಮರ ಕೆಟ್ಟದ್ದು ಅನ್ನಲು ನನಗೆ ಬಾಯಿ ಬರುವುದಿಲ್ಲ.

ಪ್ರಶ್ನೆ ಇರುವುದು ಬೇರೆ ಕಡೆ. ಎಣ್ಣೆತಾಳೆಯನ್ನು ಪಾಳುಬಿದ್ದ ನೆಲದಲ್ಲೂ ನೆಡಬಹುದು. ಕಾಡನ್ನೇ ಯಾಕೆ ಕಡಿಯಬೇಕು? ಈ ಲೆಕ್ಕ ಅರ್ಥವಾಗಲು ನನಗೆ ಬಹಳ ದಿನ ಬೇಕಾಯಿತು. ಗಿಡ ನೆಟ್ಟ ಮೇಲೆ ಮೊದಲ ಫಸಲಿಗೆ ಮೂರು ವರ್ಷದಷ್ಟು ಕಾಯಬೇಕು. ಅಲ್ಲಿಯವರೆಗೆ ಖರ್ಚೇ ಖರ್ಚು. ಪಾಳು ನೆಲದಲ್ಲಿ ನೆಟ್ಟವನು ಆ ದುಡ್ಡನ್ನು ಸಾಲ ತರಬೇಕು. ಕಾಡು ಕಡಿದವನಿಗೆ ಮರ ಮಾರಿದ ಹಣವೇ ಬಂಡವಾಳ. ಅಂದರೆ ನೂರಾರು ವರ್ಷ ಬೆಳೆದ ಕಾಡು ಮೂರು ವರ್ಷದ ಖರ್ಚಿಗೆ ಹೋಗಿಬಿಡುತ್ತದೆ. ಕೊಯ್ದ ಗೊನೆಯನ್ನು ಒಂದು ದಿನದೊಳಗೆ ಮಿಲ್ಲಿಗೆ ಮುಟ್ಟಿಸದಿದ್ದರೆ ಎಣ್ಣೆ ಕೆಡುತ್ತದೆ. ಹಾಗಾಗಿ ತೋಟದ ಹತ್ತಿರವೇ ಮಿಲ್ ಬೇಕು, ಮಿಲ್ಲಿಗೆ ರಸ್ತೆ ಬೇಕು. ಆ ರಸ್ತೆ ಹಿಡಿದು ಮುಂದಿನ ಕೊಡಲಿ ಬರುತ್ತದೆ. ಇನ್ನೊಂದು ವಿಷಯ: ಮಲೇಷ್ಯಾದ ಸಂವಿಧಾನದಲ್ಲಿ ಭೂಮಿ, ಕಾಡು ಎರಡೂ ರಾಜ್ಯಗಳ ಕೈಯಲ್ಲಿವೆ. ಮರ ಕಡಿಸಿದರೆ ರಾಜ್ಯದ ಬೊಕ್ಕಸಕ್ಕೆ ರಾಜಧನ ಬರುತ್ತದೆ. ಕಾಡನ್ನು ಹಾಗೇ ಬಿಟ್ಟರೆ ಏನೂ ಬರುತ್ತಿರಲಿಲ್ಲ.

ಕಡಿದ ಲಾಭ ಒಬ್ಬರಿಗೆ, ನಷ್ಟ ಊರಿಗೆಲ್ಲ. ಇದನ್ನು ನಾನು ಮೂಗಿನಿಂದಲೇ ಕಲಿತೆ. ಹೊಗೆ ಮಂಜಿಗೆ ಮಲಯ ಭಾಷೆಯಲ್ಲಿ ಜೆರೆಬು ಅನ್ನುತ್ತಾರೆ. 2015ರ ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ ಪಕ್ಕದ ಇಂಡೊನೇಷ್ಯಾದ ಸುಮಾತ್ರಾ, ಬೋರ್ನಿಯೊ ಕಡೆಯಿಂದ ಬಂದ ಹೊಗೆಗೆ ಇಲ್ಲಿ ಶಾಲೆಗಳನ್ನೇ ಮುಚ್ಚಿದ್ದರು. ಮಧ್ಯಾಹ್ನವೂ ಎದುರಿನ ಕಟ್ಟಡ ಕಾಣುತ್ತಿರಲಿಲ್ಲ. ಆಗ ಸುಟ್ಟಿದ್ದು ಬರೀ ಮರವಲ್ಲ, ನೆಲ. ಅಲ್ಲಿನ ತಗ್ಗು ಕಾಡುಗಳ ಕೆಳಗೆ ಸಾವಿರಾರು ವರ್ಷಗಳಿಂದ ನೀರಿನಲ್ಲಿ ನೆನೆದು ಕೊಳೆಯದೇ ಉಳಿದ ಎಲೆ, ಬೇರುಗಳ ದಪ್ಪ ಪದರ ಇರುತ್ತದೆ. ಅದನ್ನು ಪೀಟ್ ಅನ್ನುತ್ತಾರೆ. ತೋಟ ಮಾಡಲು ಕಾಲುವೆ ತೋಡಿ ನೀರು ಬಸಿದರೆ ಈ ಪದರ ಒಣಗುತ್ತದೆ. ಮಳೆ ಕೈಕೊಡುವ ಎಲ್ ನಿನೋ ವರ್ಷದಲ್ಲಿ ಒಂದು ಕಿಡಿ ಬಿದ್ದರೆ ಸಾಕು, ನೆಲದೊಳಗೇ ವಾರಗಟ್ಟಲೆ ಹೊಗೆಯಾಡುತ್ತದೆ. ಜೋರು ಮಳೆ ಬರುವವರೆಗೆ ಆರುವುದಿಲ್ಲ. ಆ ವರ್ಷ ಇಂಡೊನೇಷ್ಯಾದಲ್ಲಿ ಸುಮಾರು 26 ಲಕ್ಷ ಹೆಕ್ಟೇರ್ ಸುಟ್ಟುಹೋಯಿತು. ಆ ದೇಶಕ್ಕಾದ ನಷ್ಟ 1,600 ಕೋಟಿ ಡಾಲರ್ ಎಂದು ವಿಶ್ವಬ್ಯಾಂಕ್ ಅಂದಾಜು ಮಾಡಿತು. 2004ರ ಸುನಾಮಿಯ ನಂತರ ಸುಮಾತ್ರಾದ ಅಚೆ (Aceh) ಎಂಬ ಪ್ರಾಂತ್ಯವನ್ನು ಮತ್ತೆ ಕಟ್ಟಲು ಆದ ಖರ್ಚಿನ ಎರಡು ಪಟ್ಟಿಗೂ ಜಾಸ್ತಿ. ತಾಳೆ ಎಣ್ಣೆಯ ಬೆಲೆಯಲ್ಲಿ ಇದರ ಒಂದು ಪೈಸೆಯೂ ಸೇರಿಲ್ಲ.

ಇದನ್ನು ನೋಡುವಾಗೆಲ್ಲ ನನಗೆ ಉತ್ತರ ಕನ್ನಡದ ಸೊಪ್ಪಿನ ಬೆಟ್ಟ ನೆನಪಾಗುತ್ತದೆ. ಅಲ್ಲಿ ಒಂದೊಂದು ಅಡಿಕೆ ತೋಟಕ್ಕೂ ಸೊಪ್ಪು, ತರಗೆಲೆ ತರಲು ಬೆಟ್ಟ ಬಿಟ್ಟುಕೊಟ್ಟಿದ್ದಾರೆ. ಬೆಟ್ಟ ಬೋಳಾದರೆ ತೋಟಕ್ಕೆ ಗೊಬ್ಬರ ಇಲ್ಲ, ಹಳ್ಳದಲ್ಲಿ ನೀರಿಲ್ಲ. ತೋಟದವನ ಲೆಕ್ಕದ ಪುಸ್ತಕದಲ್ಲಿ ನಿಂತ ಕಾಡಿಗೂ ಒಂದು ಸಾಲು ಇದೆ, ಅಲ್ವಾ? 1983ರ ಸೆಪ್ಟೆಂಬರ್‌ನಲ್ಲಿ ಶಿರಸಿ ಸೀಮೆಯ ಸಾಲ್ಕಣಿಯ ಜನ ಕಾಡಿಗೆ ನಡೆದುಹೋಗಿ ಮರ ಅಪ್ಪಿಕೊಂಡು ನಿಂತರಲ್ಲ, ಅದರ ಹಿಂದೆ ಬರೀ ಪ್ರೀತಿ ಇರಲಿಲ್ಲ. ನೀರು, ಸೊಪ್ಪು, ಜೇನು, ಬೆತ್ತದ ಲೆಕ್ಕವೂ ಇತ್ತು. ಆ ಅಪ್ಪಿಕೋ ಚಳವಳಿ ನನಗೆ ದೊಡ್ಡದಾಗಿ ಕಾಣುವುದು ಅದಕ್ಕೇ.

ನಮ್ಮದೆಲ್ಲ ಚೆನ್ನ ಅಂತ ಹೇಳುತ್ತಿಲ್ಲ. ಎಷ್ಟೋ ಸೊಪ್ಪಿನ ಬೆಟ್ಟಗಳು ಸವರಿ ಸವರಿ ಬರಿದಾಗಿವೆ. ಸಹಜ ಕಾಡು ತೆಗೆದು ತೇಗ, ನೀಲಗಿರಿ ನೆಟ್ಟಿದ್ದು ನಮ್ಮಲ್ಲೇ. ಕುದುರೆಮುಖದ ಗಣಿಯನ್ನು 2005ರ ಕೊನೆಗೆ ನಿಲ್ಲಿಸಲು ಸುಪ್ರೀಂ ಕೋರ್ಟೇ ಹೇಳಬೇಕಾಯಿತು. ಒಂದು ವಿಷಯದಲ್ಲಂತೂ ಎರಡೂ ದೇಶ ಒಂದೇ ದಾರಿ ಹಿಡಿದಿವೆ. ಅರ್ಧ ದೇಶ ಕಾಡಾಗಿಯೇ ಇರುತ್ತದೆ ಎಂದು ಮಲೇಷ್ಯಾ 1992ರಲ್ಲಿ ರಿಯೊದ ಭೂ ಶೃಂಗಸಭೆಯಲ್ಲಿ ಮಾತು ಕೊಟ್ಟಿತ್ತು. ಈಗ ಆ ಲೆಕ್ಕದಲ್ಲಿ ಮೀಸಲು ಕಾಡು ಕಡಿದು ಬೆಳೆಸಿದ ನೆಡುತೋಪೂ ಸೇರುತ್ತದೆ. ಭಾರತದ ಅರಣ್ಯ ವರದಿಯಲ್ಲೂ ಅಷ್ಟೇ. ಒಂದು ಹೆಕ್ಟೇರಿಗಿಂತ ದೊಡ್ಡ ಜಾಗದಲ್ಲಿ ಶೇ 10ರಷ್ಟು ಮರದ ನೆರಳಿದ್ದರೆ ಸಾಕು, ತೋಟವಾದರೂ ಅದು ಕಾಡಿನ ಲೆಕ್ಕಕ್ಕೆ. ಹೆದ್ದಾರಿಯಲ್ಲಿ ನಾನು ಮಾಡಿದ ತಪ್ಪನ್ನೇ ಸರ್ಕಾರಗಳು ವರದಿಯಲ್ಲಿ ಅಚ್ಚು ಹಾಕಿಸುತ್ತಿವೆ. ಇದು ನಿಲ್ಲಬೇಕು.

ಬೇರೆ ದಾರಿಗಳಿಲ್ಲವೇ? ಇವೆ. ಕೋಸ್ಟರಿಕಾ 1996ರಲ್ಲಿ ಕಾನೂನು ಮಾಡಿ, ಕಾಡು ಉಳಿಸಿಕೊಂಡ ಜಮೀನುದಾರರಿಗೆ ಇಂಧನ ತೆರಿಗೆಯ ಹಣದಿಂದ ದುಡ್ಡು ಕೊಡಲು ಶುರುಮಾಡಿತು. ಇಂದು ಆ ದೇಶದ ಅರ್ಧಕ್ಕಿಂತ ಜಾಸ್ತಿ ನೆಲದಲ್ಲಿ ಕಾಡಿದೆ. ಬ್ರೆಜಿಲ್ ಇನ್ನೂ ಕಟ್ಟುನಿಟ್ಟು. ಉಪಗ್ರಹದಿಂದ ಕಣ್ಣಿಟ್ಟಿತು, 2008ರಲ್ಲಿ ಅಮೆಜಾನ್‌ನಲ್ಲಿ ಕಾಡಿನ ಕಾನೂನು ಮುರಿದವರಿಗೆ ಕೃಷಿ ಸಾಲ ಸಿಗದಂತೆ ಮಾಡಿತು. ಅಲ್ಲಿ ಅಮೆಜಾನ್ ಕಾಡಿನ ನಾಶ 2004ರಲ್ಲಿ 27,000 ಚದರ ಕಿಲೋಮೀಟರ್ ದಾಟಿತ್ತು. 2012ರ ಹೊತ್ತಿಗೆ 5,000ಕ್ಕಿಂತ ಕೆಳಗೆ ಇಳಿಯಿತು. ಆಮೇಲೆ ಹಿಡಿತ ಸಡಿಲಾದಾಗ ಮತ್ತೆ ಏರಿತು, ನಿಜ. ಆದರೆ ಮನಸ್ಸು ಮಾಡಿದರೆ ಎಂಟು ವರ್ಷದಲ್ಲಿ ಏನಾಗುತ್ತದೆ ಅನ್ನುವುದನ್ನು ಅಷ್ಟು ದೊಡ್ಡ ದೇಶ ಮಾಡಿ ತೋರಿಸಿದೆ. ಮಲೇಷ್ಯಾ ಕೂಡ 2019ರಿಂದ ಕಾಡು ಉಳಿಸಿದ ರಾಜ್ಯಗಳಿಗೆ ಕೇಂದ್ರದಿಂದ ಹಣ ಕೊಡುತ್ತಿದೆ. ಮೊತ್ತ ಚಿಕ್ಕದು. ಆದರೂ ನಿಂತ ಮರಕ್ಕೆ ಲೆಕ್ಕದಲ್ಲಿ ಜಾಗ ಸಿಕ್ಕಿತಲ್ಲ ಅಂತ ನನಗೆ ಸಮಾಧಾನ.

ನಮ್ಮವರಿಗೆ ಇದನ್ನೆಲ್ಲ ಬರೆಯಲು ಕಾರಣವಿದೆ. ಜಗತ್ತಿನಲ್ಲಿ ತಾಳೆ ಎಣ್ಣೆಯನ್ನು ಅತಿ ಹೆಚ್ಚು ಆಮದು ಮಾಡಿಕೊಳ್ಳುವ ದೇಶ ಭಾರತ. ಬಿಸ್ಕತ್ತು, ಸಾಬೂನು, ಕರಿದ ತಿಂಡಿ, ಎಲ್ಲದರಲ್ಲೂ ಅದಿದೆ. ಆಮದು ತಗ್ಗಿಸಲು ಕೇಂದ್ರ ಸರ್ಕಾರ 2021ರಲ್ಲಿ 11,040 ಕೋಟಿ ರೂಪಾಯಿಯ ಎಣ್ಣೆತಾಳೆ ಯೋಜನೆ ತಂದಿತು. ನಮ್ಮ ಎಣ್ಣೆ ನಾವೇ ಬೆಳೆಯುವುದು ಒಳ್ಳೆಯದೇ. ಆದರೆ ಯೋಜನೆಯ ಹೆಚ್ಚಿನ ಗಮನ ಈಶಾನ್ಯ ರಾಜ್ಯಗಳ ಮೇಲೆ, ಅಂಡಮಾನ್ ಮೇಲೆ. ಎರಡೂ ಮಳೆಕಾಡಿನ ನಾಡುಗಳು. ಅಲ್ಲಿ ಒಂದು ಗಿಡಕ್ಕೆ ಸಬ್ಸಿಡಿ ಕೊಡುವ ಮೊದಲು ಆ ಸರ್ವೆ ನಂಬರಿನ ಹಳೆಯ ಉಪಗ್ರಹ ಚಿತ್ರ ತೆಗೆದು ನೋಡಲಿ. ಹತ್ತು ವರ್ಷದ ಹಿಂದೆ ಅಲ್ಲಿ ಕಾಡಿತ್ತು ಅಂತಾದರೆ ಅರ್ಜಿಯನ್ನು ವಾಪಸ್ ಕಳಿಸಲಿ.