ಬೆಂಚು ಕದಲಿಸಲು 28 ದಿನ

ಚರ್ಚಿನೊಳಗಿನ ಹಳೆಯ ಬೆಂಚೊಂದನ್ನು ಕಿತ್ತು ಬೇರೆ ಕಡೆ ಹಾಕಲು ಬಾಗಿಲಿಗೆ ನೋಟಿಸು ಅಂಟಿಸಿ 28 ದಿನ ಕಾಯಬೇಕು ಅಂದರೆ ನಮ್ಮ ಕಡೆಯ ಯಾವ ಜೀರ್ಣೋದ್ಧಾರ ಸಮಿತಿಯವರೂ ನಂಬಲಿಕ್ಕಿಲ್ಲ. ಇಂಗ್ಲೆಂಡಿನ ಹಳ್ಳಿಗಳ ಆಂಗ್ಲಿಕನ್ ಚರ್ಚುಗಳಿಗೆಲ್ಲ ಇದೇ ಕಟ್ಟಳೆ. ಈ ಅನುಮತಿಗೆ ‘ಫ್ಯಾಕಲ್ಟಿ’ ಅಂತ ಹೆಸರು. ಡಯಾಸಿಸ್‌ನ, ಅಂದರೆ ಬಿಷಪ್ಪರ ಆಡಳಿತ ಪ್ರಾಂತ್ಯದ, ಸಲಹಾ ಸಮಿತಿ ನಕ್ಷೆ ನೋಡಬೇಕು, ಊರವರ ತಕರಾರಿದ್ದರೆ ಕೇಳಬೇಕು, ಕೊನೆಗೆ ಚರ್ಚಿನದೇ ನ್ಯಾಯಾಧೀಶರು ಒಪ್ಪಬೇಕು. ಮಳೆನೀರು ಹರಿಯುವ ಸೂರಿನ ದೋಣಿಯ ಕಸ ತೆಗೆಯುವಂಥ ಚಿಲ್ಲರೆ ಕೆಲಸಕ್ಕೆ ಮಾತ್ರ ವಿನಾಯಿತಿ.

ಇಂಥ ನೋಟಿಸು ಓದಿದ ದಿನವೇ ಊರಿನ ವಾಟ್ಸಾಪ್ ಗುಂಪಿನಲ್ಲಿ ಗುಡಿಯ ಫೋಟೋ ಬಂದರೆ ಹೊಟ್ಟೆ ಉರಿಯದೆ ಇನ್ನೇನು? ಬಳಪದ ಕಲ್ಲಿನ ಕಂಬಕ್ಕೆ ಬೆಳ್ಳಿ ಬಣ್ಣದ ಪೇಂಟು, ನವರಂಗಕ್ಕೆ ಜಾರುವ ಟೈಲ್ಸು, ಬೆಳಕಿಗಿಂತ ದಾನಿಯ ಹೆಸರೇ ದೊಡ್ಡದಾಗಿರುವ ಟ್ಯೂಬ್‌ಲೈಟು. ಕೆಳಗೆ ಸಾಲಾಗಿ ಕೈಮುಗಿದ ಇಮೋಜಿಗಳು.

ಹೆರೆಫರ್ಡ್‌ಶೈರಿನ ಕಿಲ್ಪೆಕ್ ಚರ್ಚನ್ನು ನೋಡಿ. ಸುಮಾರು 1140ರದು, ಬೇಲೂರಿನಲ್ಲಿ ಚೆನ್ನಕೇಶವನ ಪ್ರತಿಷ್ಠೆಯಾಗಿ ಆಗಿನ್ನೂ ಇಪ್ಪತ್ತು ಚಿಲ್ಲರೆ ವರ್ಷ. ಕೆಂಪು ಮರಳುಗಲ್ಲಿನ ಪುಟ್ಟ ಕಟ್ಟಡ. ಜನ ಕೂರುವ ನೇವ್, ಪಾದ್ರಿಯ ಚಾನ್ಸೆಲ್, ಪೂರ್ವದ ತುದಿಗೆ ಅರ್ಧವೃತ್ತದ ಆಪ್ಸ್. ನವರಂಗ, ಸುಕನಾಸಿ, ಗರ್ಭಗುಡಿ ಬಲ್ಲವರಿಗೆ ಒಳಗಿನ ದಾರಿ ಯಾರೂ ಹೇಳಿಕೊಡಬೇಕಿಲ್ಲ, ದಿಕ್ಕು ಮಾತ್ರ ತಿರುಗುಮುರುಗು. ಸೂರಿನಡಿ ಸುತ್ತಲೂ 85 ಚಾಚುಗಲ್ಲುಗಳು. ಒಂದರಲ್ಲಿ ನಾಯಿ ಮತ್ತು ಮೊಲ ಅಕ್ಕಪಕ್ಕ ಕೂತು ಇಣುಕುತ್ತವೆ. ಇನ್ನೊಂದರಲ್ಲಿ ಹೆಣ್ಣೊಬ್ಬಳು ಯಾವ ಸಂಕೋಚವೂ ಇಲ್ಲದೆ ಯೋನಿ ತೆರೆದು ತೋರಿಸುತ್ತಾಳೆ. ಈಗ ಯಾವ ಕಲ್ಲಿಗೂ ಬಣ್ಣವಿಲ್ಲ.

ಹಳ್ಳಿ ಚರ್ಚು ಉಳಿಯುವ ಗುಟ್ಟು ದೊಡ್ಡ ವಿದ್ಯೆಯೇನಲ್ಲ, ದೋಣಿ ಮತ್ತು ಸುಣ್ಣ. 1955ರ ಕಾನೂನಿನಿಂದ ಐದು ವರ್ಷಕ್ಕೊಮ್ಮೆ ಪರಿಣತರೊಬ್ಬರು ಕಟ್ಟಡ ಪೂರ್ತಿ ನೋಡಿ ವರದಿ ಕೊಡುವ ಪದ್ಧತಿ ಬಂತು: ಇದು ಈಗಲೇ, ಇದು ವರ್ಷದೊಳಗೆ, ಇದು ಐದು ವರ್ಷದೊಳಗೆ. ವರದಿಗಳಲ್ಲಿ ಮತ್ತೆ ಮತ್ತೆ ಬರುವುದು ನೀರಿನ ಮಾತೇ. ಎಲೆ, ಪಾರಿವಾಳದ ಗೂಡು ಸೇರಿ ದೋಣಿ ಕಟ್ಟಿಕೊಳ್ಳುತ್ತದೆ. ಉಕ್ಕಿದ ನೀರು ಗೋಡೆಗಿಳಿಯುತ್ತದೆ. ಗೋಡೆಯೊಳಗೆ ಹೂತ ತೊಲೆಯ ತುದಿ ನೆನೆದು ಕೊಳೆಯುತ್ತದೆ, ಹುಳು ಬೀಳುತ್ತದೆ. ಎಲೆ ಉದುರಿದ ಮೇಲೊಮ್ಮೆ, ವಸಂತದಲ್ಲೊಮ್ಮೆ ದೋಣಿಯ ಕಸ ತೆಗೆದರೆ ಲಕ್ಷಗಟ್ಟಲೆ ಖರ್ಚು ತಪ್ಪುತ್ತದೆ.

ಇನ್ನು ಸಂದಿನ ಗಾರೆ. ಉದುರಿದ್ದನ್ನು ಕೈ ಉಳಿಯಿಂದಲೇ ಕೆರೆಯಬೇಕು. ಗ್ರೈಂಡರ್ ಹಿಡಿದರೆ ಕಲ್ಲಿನ ಅಂಚು ಹೋಯಿತು. ಸಂದಿನ ಅಗಲದ ಎರಡರಷ್ಟು ಆಳಕ್ಕೆ ಕೆರೆದು, ಧೂಳು ತೊಳೆದು, ಕಲ್ಲು ನೆನೆಸಿ, ಒಂದು ಪಾಲು ಸುಣ್ಣಕ್ಕೆ ಎರಡೂವರೆಯಿಂದ ಮೂರು ಪಾಲು ಒರಟು ಮರಳು ಬೆರೆಸಿ ಒತ್ತಿ ತುಂಬುತ್ತಾರೆ. ಅರೆಬರೆ ಗಟ್ಟಿಯಾದಾಗ ಬಿರುಸು ಬ್ರಷ್ಷಿನಿಂದ ತಟ್ಟಿ, ಒದ್ದೆ ಗೋಣಿತಾಟು ಇಳಿಬಿಟ್ಟು ದಿನಗಟ್ಟಲೆ ತೇವ ಕಾಯುತ್ತಾರೆ. 5 ಡಿಗ್ರಿಗಿಂತ ಚಳಿಯಿದ್ದರೆ ಕೆಲಸವೇ ಇಲ್ಲ. ಬೇಗ ಒಣಗಿಸಿದರೆ ಗಾರೆ ಪುಡಿಯಾಗುತ್ತದೆ.

ಸಿಮೆಂಟಾದರೆ ಒಂದೇ ದಿನದ ಕೆಲಸ ನಿಜ. ಆದರೆ ಗೋಡೆಯ ತೇವ ಸಿಮೆಂಟಿನ ಮೂಲಕ ಆರುವುದಿಲ್ಲ, ಪಕ್ಕದ ಮೆದುಗಲ್ಲಿನಿಂದ ಹೊರಬರುತ್ತದೆ. ಜೊತೆಗೆ ಬಂದ ಉಪ್ಪು ಕಲ್ಲಿನ ಮುಖದಲ್ಲೇ ಹರಳುಗಟ್ಟಿ ಅದನ್ನು ಹಕ್ಕಳೆ ಹಕ್ಕಳೆಯಾಗಿ ಎಬ್ಬಿಸುತ್ತದೆ. ಕಲ್ಲು ಕರಗಿ ಸಿಮೆಂಟು ಮಾತ್ರ ಏಣಾಗಿ ನಿಲ್ಲುತ್ತದೆ. ಬೆಲ್ಲ, ಅಳಲೆಕಾಯಿ ನೀರು ಹಾಕಿ ಗಾಣದಲ್ಲಿ ಗಾರೆ ಅರೆದವರ ನಾಡಿನಲ್ಲಿ ಇದನ್ನು ವಿವರಿಸಬೇಕಾಗಿ ಬಂದದ್ದೇ ಸಂಕಟ. ಇನ್ನು ಆಯಿಲ್ ಪೇಂಟ್ ತೆಗೆಯುತ್ತೇವೆಂದು ಮರಳು ಊದುವವರಿಗೆ ದೊಡ್ಡ ನಮಸ್ಕಾರ. ಬಳಪದ ಕಲ್ಲು ಬಲು ಮೆದು. ಪೇಂಟಿನ ಜೊತೆ ಕೆತ್ತನೆಯೂ ಹೋಗುತ್ತದೆ.

ಇಂಗ್ಲೆಂಡಿನವರೇನು ಹುಟ್ಟಾ ಜಾಣರಲ್ಲ, ಅದನ್ನೂ ಹೇಳಬೇಕು. 16ನೆಯ ಶತಮಾನದ ಮತಸುಧಾರಣೆಯ ಕಾಲದಲ್ಲಿ ಗೋಡೆಚಿತ್ರಗಳ ಮೇಲೆ ಸುಣ್ಣ ಬಳಿದರು, ಮೂರ್ತಿಗಳ ತಲೆ ಒಡೆದರು. ವಿಕ್ಟೋರಿಯಾ ಕಾಲದವರು ಹಳೆಯ ಗಿಲಾವು ಕೆರೆದು, ಚೆನ್ನಾಗಿದ್ದ ಕಲ್ಲು ಕಿತ್ತು ‘ಮೂಲರೂಪ’ಕ್ಕೆ ತಂದರು. ಟ್ಯೂಕ್ಸ್‌ಬರಿಯ ಅಬಿಗೂ (ಹಳೆಯ ಮಠದ ಚರ್ಚು) ಅದೇ ಗತಿ ಬರಲಿದೆ ಎಂದು ಸಿಟ್ಟಾಗಿ ಕವಿ, ವಿನ್ಯಾಸಕಾರ ವಿಲಿಯಂ ಮಾರಿಸ್ 1877ರಲ್ಲಿ ಹಳೆ ಕಟ್ಟಡಗಳ ರಕ್ಷಣಾ ಸಂಘ ಕಟ್ಟಿದ. ಈಗಿನ ನಯನಾಜೂಕು ಬಹಳಷ್ಟು ಕಳಕೊಂಡ ಮೇಲೆ ಬಂದದ್ದು.

ದುಡ್ಡಿನ ಲೆಕ್ಕವೂ ಬೇರೆ. ಇಂಗ್ಲೆಂಡಿನಲ್ಲಿ ನೇವ್ ರಿಪೇರಿ ಊರವರದು, ಚಾನ್ಸೆಲ್‌ನದು ಭೂಮಿಯ ಆದಾಯ ತಿನ್ನುವವರದು ಎಂಬ ಹಳೆಯ ಕಟ್ಟು. ವಾರ್ವಿಕ್‌ಶೈರಿನ ಆಸ್ಟನ್ ಕ್ಯಾಂಟ್ಲೋದಲ್ಲಿ ಹೊಲದ ಮಾಲೀಕರ ತಲೆಗೇ ಚಾನ್ಸೆಲ್ ರಿಪೇರಿ ಬಂತು. 2003ರಲ್ಲಿ ಲಾರ್ಡ್ಸ್ ಸಭೆಯ ನ್ಯಾಯಪೀಠವೂ ಅದನ್ನೇ ಎತ್ತಿಹಿಡಿಯಿತು. ನಮ್ಮ ಗುಡಿಗಳ ಇನಾಮು ಜಮೀನು 1955ರ ಕಾಯಿದೆಯಲ್ಲಿ ಹೋಯಿತು, ಉಳಿದದ್ದು ಸರ್ಕಾರ ಕೊಡುವ ತಸ್ತೀಕು ಹಣ. ಅರ್ಚಕರ ಎಣ್ಣೆಬತ್ತಿಗೇ ಸಾಲದ ಆ ಹಣದಲ್ಲಿ ಪರಿಣತರನ್ನು ಕರೆಸುವುದೆಲ್ಲಿಂದ? ಪೇಂಟಿನ ಡಬ್ಬ ಕೊಡುವ ದಾನಿ ಸಿಗುತ್ತಾನೆ, ವರದಿಗೆ ದುಡ್ಡು ಕೊಡುವವನು ಸಿಗುವುದಿಲ್ಲ. ಹಾಗಿದ್ದೂ ಧರ್ಮಸ್ಥಳದ ಧರ್ಮೋತ್ಥಾನ ಟ್ರಸ್ಟು ಎಷ್ಟೋ ಹಳೆಯ ದೇಗುಲಗಳನ್ನು ಎತ್ತಿ ನಿಲ್ಲಿಸಿದೆ. ಕೆಲಸ ಬಲ್ಲವರು ನಮ್ಮಲ್ಲೂ ಇದ್ದಾರೆ.

ಒಪ್ಪಲು ಮನಸ್ಸಿಲ್ಲದಿದ್ದರೂ ಒಪ್ಪಬೇಕಾದ್ದು ಇನ್ನೊಂದಿದೆ. ನಮ್ಮ ಗುಡಿಯ ಬಾಗಿಲು ಬೆಳಗಾದರೆ ತೆರೆಯುತ್ತದೆ, ಒಳಗೆ ಗಾಳಿಯಾಡುತ್ತದೆ. ಇಂಗ್ಲೆಂಡಿನಲ್ಲಿ ಒಬ್ಬ ಪಾದ್ರಿಗೆ ಆರೇಳು ಹಳ್ಳಿ. ಎಷ್ಟೋ ಚರ್ಚಿನಲ್ಲಿ ತಿಂಗಳಿಗೆ ಒಂದೋ ಎರಡೋ ಪ್ರಾರ್ಥನೆ, ಹತ್ತಾರು ಜನ, ಅದೂ ನರೆತ ತಲೆಗಳೇ. ಚಳಿಗಾಲದ ಭಾನುವಾರ ಗಂಟೆಹೊತ್ತು ಹೀಟರ್ ಹಾಕಿ ಆರಿಸುತ್ತಾರೆ. ಬೆಚ್ಚಗಿನ ಗಾಳಿಯ ತೇವವೆಲ್ಲ ತಣ್ಣನೆಯ ಗೋಡೆಗೆ ಹನಿಗಟ್ಟಿ, ಬೀಗ ಹಾಕಿದ ಕಟ್ಟಡದೊಳಗೆ ಪಾಚಿ ಹಸಿರಾಗಿ ಏರುತ್ತದೆ. ಇದಕ್ಕೆ ಯಾವ ಫ್ಯಾಕಲ್ಟಿಯಲ್ಲೂ ಮದ್ದಿಲ್ಲ.