ಯಕ್ಷಗಾನದ ಲೈವ್ ಬೇಕಾ, ಬೇಡವಾ?

ಪರ: ಮಂಚದ ಹತ್ತಿರಕ್ಕೇ ಬಂದ ದೇವಿ

ಅಮ್ಮ ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡು ಎರಡು ವರ್ಷವಾಯಿತು. ಕಾಸರಗೋಡಿನ ಪೆರ್ಲದ ನಮ್ಮ ಮನೆಯಿಂದ ಆಟದ, ಅಂದರೆ ಯಕ್ಷಗಾನದ, ಗದ್ದೆಗೆ ಒಂದು ಕಿಲೋಮೀಟರೂ ಇಲ್ಲ. ಚೆಂಡೆ ಮಂಚಕ್ಕೇ ಕೇಳುತ್ತದೆ, ಅಮ್ಮನಿಗೆ ಹೋಗಲಿಕ್ಕಾಗುವುದಿಲ್ಲ. ಕಳೆದ ಸಲ ಕಟೀಲು ಮೇಳದ (ಯಕ್ಷಗಾನ ತಂಡದ) ದೇವಿ ಮಹಾತ್ಮೆ ಪ್ರಸಂಗ ಲೈವ್ ಇತ್ತು. ಸ್ಟೀಲ್ ಚೆಂಬಿಗೆ ಮೊಬೈಲ್ ಒರಗಿಸಿ ಇಟ್ಟೆ. ತಮಾಷೆ ನೋಡಿ, ಗದ್ದೆಯ ಚೆಂಡೆ ಕಿಟಕಿಯಿಂದ ಮೊದಲು ಕೇಳುತ್ತಿತ್ತು, ಮೊಬೈಲಿನದ್ದು ಅರ್ಧ ನಿಮಿಷ ತಡ. ಹೊರಗೆ ಜನ ಬೊಬ್ಬೆ ಹಾಕಿದ್ದೇ ತಡ, ಅಮ್ಮ "ಈಗ ಮಹಿಷಾಸುರ ಬರ್ತಾನೆ ನೋಡು" ಅಂದರು. ಬಂದ. ಉಯ್ಯಾಲೆಯಲ್ಲಿ ಕೂತ ದೇವಿಗೆ ಆರತಿ ಎತ್ತಿದಾಗ ಮೊಬೈಲಿಗೇ ಕೈ ಮುಗಿದರು. "ಕಾಲು ಮಡಚಿ ಕೂತ್ಕೊ, ದೇವಿ ಎದುರಿಗಿದ್ದಾಳೆ" ಅಂತ ನನಗೆ ಬೈದರು!

ಗದ್ದೆಯಲ್ಲಿ ಕೂತು ನೋಡಿದರೇ ಆಟ ಅನ್ನುವವರು ಅವತ್ತು ಬಂದು ಅಮ್ಮನನ್ನು ಹೊತ್ತುಕೊಂಡು ಹೋಗುತ್ತಿದ್ದರಾ?

ಇನ್ನೊಂದು ಮಾತು. 1956ರಲ್ಲಿ ಕಾಸರಗೋಡು ಕೇರಳಕ್ಕೆ ಸೇರಿತು. ಈಗ ಬಸ್ಸಿನ ಬೋರ್ಡಿನಲ್ಲಿ ಕನ್ನಡ ಕಂಡರೆ ನಮಗೇ ಆಶ್ಚರ್ಯ. ಅಕ್ಕನ ಮಗ ದುಬೈಯಲ್ಲಿ ಓದುತ್ತಿದ್ದಾನೆ. ಒಂದೂ ಇಂಗ್ಲಿಷ್ ಶಬ್ದ ಸೇರದ ಕನ್ನಡ ಅವನ ಕಿವಿಗೆ ಬೀಳುವುದು ಆಟದಲ್ಲಿ ಮಾತ್ರ. ಯಕ್ಷಗಾನದ ದೊಡ್ಡ ಮಾತುಗಾರ ಶೇಣಿ ಗೋಪಾಲಕೃಷ್ಣ ಭಟ್ಟರು ತೀರಿಕೊಂಡದ್ದು 2006ರಲ್ಲಿ, ಇವನು ಹುಟ್ಟುವ ಮೊದಲೇ. ಅವರ ಅರ್ಥಗಾರಿಕೆಯನ್ನು, ಅಂದರೆ ಪಾತ್ರವಾಗಿ ಆಡಿದ ಮಾತನ್ನು, ಇವನು ಕೇಳಿದ್ದು ಯೂಟ್ಯೂಬಿನಲ್ಲಿ, ಯಾರೋ ಪುಣ್ಯಾತ್ಮರು ಹಾಕಿದ ಹಳೇ ಕ್ಯಾಸೆಟ್ಟಿನಿಂದ. ರೆಕಾರ್ಡ್ ಮಾಡಬೇಡಿ ಅಂತ ಆಗ ತಡೆದಿದ್ದರೆ? ಕನ್ನಡ ಕಿವಿಗೆ ಬೀಳಬೇಕು ಸ್ವಾಮಿ. ಮೊಬೈಲಿನಿಂದಾದರೂ ಸರಿ, ಬೀಳಬೇಕು.

ವಿರೋಧ: ಕುರ್ಚಿ ಖಾಲಿ

ನನಗೆ ಬಂದ ಪಾಲು ವಿರೋಧ. ಬರೆಯುತ್ತೇನೆ.

ಲೈವ್ ಇರುವುದು ಹಾಸಿಗೆ ಹಿಡಿದವರಿಗೆ ಅನ್ನುತ್ತಾರೆ. ನಾನು ಕಂಡಂತೆ ನೋಡುವವರೆಲ್ಲ ಸೋಫಾ ಹಿಡಿದವರು. ಇತ್ತ ಗದ್ದೆಯಲ್ಲಿ ಕುರ್ಚಿ ಖಾಲಿ. ಚರುಮುರಿಯವನು ಹತ್ತು ಗಂಟೆಗೇ ಗ್ಯಾಸ್‌ಲೈಟ್ ಆರಿಸುತ್ತಾನೆ. ಖಾಲಿ ಕುರ್ಚಿ ನೋಡಿ ಯಾವ ವೇಷಧಾರಿಗೆ ಕುಣಿಯುವ ಉಮೇದು ಬರುತ್ತದೆ?

ಮಹಿಷಾಸುರ ದೊಂದಿ ಹಿಡಿದು ಜನರ ನಡುವಿನಿಂದ ಬರಬೇಕು. ರಾಳದ ಬೆಂಕಿಯ ಝಳ ಮುಖಕ್ಕೆ ತಾಗಬೇಕು, ಮಕ್ಕಳು ಹೆದರಿ ಅಪ್ಪನ ಲುಂಗಿ ಹಿಡಿಯಬೇಕು. ಲೈವಿನಲ್ಲಿ ಬಿಸಿಯಾಗುವುದು ಮೊಬೈಲ್ ಮಾತ್ರ.

ಮತ್ತೆ ಈ ತುಂಡು ವಿಡಿಯೋಗಳು. ಹಾಸ್ಯಗಾರ ಆ ಊರಿಗೆ, ಆ ರಾತ್ರಿಗೆ ಅಂತ ಒಂದು ಮಾತು ಹೇಳಿರುತ್ತಾನೆ. ಬೆಳಗಾಗುವಾಗ ಅದು ವಾಟ್ಸಾಪಿನಲ್ಲಿ ಬಾಲ ತಲೆ ಇಲ್ಲದೆ ಓಡಾಡುತ್ತದೆ. ಪಾಪದವನು ಕ್ಷಮೆ ಕೇಳಬೇಕು. ಆಮೇಲೆ ಯಾರು ಬಾಯಿ ಬಿಡುತ್ತಾರೆ? ನನಗೆ ನಿಜವಾಗಿ ಸಿಟ್ಟಿರುವುದು ಇದೊಂದರ ಮೇಲೆ.

ಮೊನ್ನೆ ಬದಿಯಡ್ಕದ ಹತ್ತಿರ ಆಟಕ್ಕೆ ಹೋಗಿದ್ದೆ. ಹನ್ನೊಂದು ಗಂಟೆಗೆ ಮಂಜು ಬೀಳಲು ಶುರುವಾಯಿತು, ನೆಗಡಿ ಬೇರೆ. ಉಳಿದ ಆಟವನ್ನು ಮನೆಗೆ ಬಂದು ಕಂಬಳಿ ಹೊದ್ದು ನೋಡಿದೆ. ಲೈವಿನಲ್ಲೇ.